ಬಾಲ ಇರೋ ಯೂ

ದಾವಣಗೆರೆಯಲ್ಲಿ ಗ್ರೀಕ್ ಬಲ್ಲವರನ್ನು ನಾನು ಈವರೆಗೆ ಕಂಡಿಲ್ಲ. ಆದರೆ ಗ್ರೀಕ್ ವರ್ಣಮಾಲೆಯ ಹನ್ನೆರಡನೆಯ ಅಕ್ಷರವನ್ನು ವ್ಯಾಪಾರಕ್ಕೆ ಇಳಿಸದ ಬೀದಿಯನ್ನೂ ಕಂಡಿಲ್ಲ. ಅಕ್ಷರದ ಹೆಸರು ಮ್ಯೂ. ನೋಡಲು ಇಂಗ್ಲಿಷಿನ ಸಣ್ಣ ಯೂ ಥರವೇ. ಎಡಗಾಲು ಮಾತ್ರ ಗೆರೆ ದಾಟಿ ಕೆಳಕ್ಕೆ ಇಳಿಬಿದ್ದಿರುತ್ತದೆ. ಹೆಸರು ಗೊತ್ತಿಲ್ಲದವರು ‘ಬಾಲ ಇರೋ ಯೂ’ ಅನ್ನುತ್ತಾರೆ. ಹೆಸರು ಗೊತ್ತಿದ್ದವರಿಗೂ ಅದರಿಂದ ಹೆಚ್ಚಿನ ಲಾಭವೇನೂ ಆದಂತಿಲ್ಲ.

ಸೀಲಿಂಗ್ ಫ್ಯಾನು ಸೊರಗಿ ತಿರುಗತೊಡಗಿದರೆ ಅಂಗಡಿಗೆ ಹೋಗಿ ಕೆಪಾಸಿಟರ್ ಕೇಳಬೇಕು. ಅಂಗಡಿಯವನು ತಲೆ ಎತ್ತದೆ ಕೇಳುವುದು ಒಂದೇ ಪ್ರಶ್ನೆ: ‘ಎಷ್ಟು ಎಂಎಫ್‌ಡಿ?’ ಮನೆ ಫ್ಯಾನಿಗಾದರೆ ಎರಡೂವರೆ. ಬೋರ್‌ವೆಲ್ ಮೋಟರಿಗಾದರೆ ಮೂವತ್ತಾರೋ ಐವತ್ತೋ, ಹಳ್ಳಿಯಿಂದ ಬಂದ ರೈತ ಸುಟ್ಟ ಕೆಪಾಸಿಟರನ್ನೇ ಜೇಬಿನಿಂದ ತೆಗೆದು ಗಾಜಿನ ಮೇಲಿಡುತ್ತಾನೆ. ಈ ಎಂಎಫ್‌ಡಿಯ ಮೊದಲ ಎಂ ಇದೆಯಲ್ಲ, ಅದು ವೇಷ ಮರೆಸಿಕೊಂಡ ಮ್ಯೂ. ಫ್ಯಾರಡ್ಡಿನ ಹತ್ತು ಲಕ್ಷದಲ್ಲೊಂದು ಪಾಲು, ಅಂದರೆ ಮೈಕ್ರೋಫ್ಯಾರಡ್. ಟೈಪ್‌ರೈಟರಿನಲ್ಲಿ ಬಾಲದ ಯೂ ಇರಲಿಲ್ಲವಾಗಿ ಆ ಜಾಗಕ್ಕೆ ಎಂ ಬಂದು ಕೂತಿತು. ಟೈಪ್‌ರೈಟರು ಹೋಯಿತು, ಎಂ ಏಳಲಿಲ್ಲ. ಕಟ್ಟುನಿಟ್ಟಾಗಿ ಓದುವುದಾದರೆ ದೊಡ್ಡ ಎಂ ಎಂದರೆ ಮೆಗಾ, ಹತ್ತು ಲಕ್ಷ ಪಟ್ಟು. ಮೈಕ್ರೋಗೂ ಮೆಗಾಗೂ ನಡುವೆ ಇರುವುದು ಒಂದು ಲಕ್ಷ ಕೋಟಿ ಪಟ್ಟಿನ ಅಂತರ. ಬಜೆಟ್ಟಿನಲ್ಲಿ ಬಿಟ್ಟರೆ ಈ ಅಂಕಿ ನಮ್ಮ ಕಿವಿಗೆ ಬೀಳುವುದು ಅಪರೂಪ. ಅಷ್ಟು ದೊಡ್ಡ ತಪ್ಪನ್ನು ಡಬ್ಬಿಯ ಮೇಲೆ ಅಚ್ಚು ಹಾಕಿಸಿಕೊಂಡೂ ಫ್ಯಾನು ಸಲೀಸಾಗಿ ತಿರುಗುತ್ತಿದೆ.

ತರಕಾರಿ ಮಾರುವ ಅಜ್ಜಿಯ ಬಾಯಲ್ಲಿ ಮ್ಯೂ ಮೈಕ್ರಾನ್ ಆಗಿದೆ. ‘ಇದು ಮೈಕ್ರಾನ್ ಕವರ್ರಪ್ಪ, ಏನೂ ಆಗಲ್ಲ ತಗಂಡೋಗು’ ಅನ್ನುತ್ತಾಳೆ. ಆಕೆಯ ಪ್ರಕಾರ ಮೈಕ್ರಾನ್ ಎಂದರೆ ಒಂದು ಬಗೆಯ ಒಳ್ಳೆಯ ಪ್ಲಾಸ್ಟಿಕ್. ಆಕೆಯನ್ನು ಬೈಯುವಂತಿಲ್ಲ. ಸರ್ಕಾರ 1999ರಲ್ಲಿ 20 ಮೈಕ್ರಾನಿಗಿಂತ ತೆಳ್ಳಗಿನದು ಬೇಡ ಎಂದಿತು, 2011ರಲ್ಲಿ 40, 2016ರಲ್ಲಿ 50, 2021ರ ಸೆಪ್ಟೆಂಬರಿಗೆ 75, 2022ರ ಕೊನೆಗೆ 120. ಈ ನಡುವೆ 2016ರಲ್ಲಿ ಕರ್ನಾಟಕ ಸರ್ಕಾರ ದಪ್ಪ ತೆಳುವಿನ ತಕರಾರೇ ಬೇಡವೆಂದು ಕ್ಯಾರಿ ಬ್ಯಾಗನ್ನೇ ನಿಷೇಧಿಸಿತು. ನಮ್ಮ ತಲೆಗೂದಲಿನ ದಪ್ಪ ಸುಮಾರು 70 ಮೈಕ್ರಾನ್ ಇರಬಹುದು. ಸೊಪ್ಪಿನ ಕಟ್ಟುಗಳ ನಡುವೆ ಕೂತವಳು ಕೂದಲೆಳೆಯ ವ್ಯತ್ಯಾಸವನ್ನು ಬೆರಳಲ್ಲೇ ಪತ್ತೆ ಮಾಡಲಿ ಎಂದು ಕಾನೂನು ಬಯಸಿತು. ಆಕೆ ಪತ್ತೆ ಮಾಡಲಿಲ್ಲ, ಕವರಿಗೆ ಮೈಕ್ರಾನ್ ಎಂದು ನಾಮಕರಣ ಮಾಡಿಬಿಟ್ಟಳು. ಎಪಿಎಂಸಿ ಕಡೆ ಹೋದರೆ ಹತ್ತಿಯವರದು ಬೇರೆಯೇ ಲೆಕ್ಕ. ಅವರು ಕೇಳುವುದು ಮೈಕ್ರೋನೇರ್ ಎಷ್ಟೆಂದು: ಒಂದಂಗುಲ ಎಳೆಯ ತೂಕ ಎಷ್ಟು ಮೈಕ್ರೋಗ್ರಾಂ ಎಂಬ ಲೆಕ್ಕ. ಮೂರೂವರೆಯಿಂದ ಐದರೊಳಗಿದ್ದರೆ ಹತ್ತಿಗೆ ಮರ್ಯಾದೆ. ಕರ್ನಾಟಕದ ಮ್ಯಾಂಚೆಸ್ಟರ್ ಅನ್ನಿಸಿಕೊಂಡಿದ್ದ ಊರಿನಲ್ಲಿ ಮಿಲ್ಲುಗಳ ಸದ್ದು ಅಡಗಿ ಕಾಲವಾಯಿತು. ಹತ್ತಿಯನ್ನು ಬೆರಳಲ್ಲಿ ಹಿಂಜಿ ನೋಡುವ ಚಾಳಿ ಇನ್ನೂ ಇದೆ.

ಈ ಅಕ್ಷರದ ಪೂರ್ವಜರು ನೀರಿನವರು. ಫಿನೀಷಿಯನ್ನರಲ್ಲಿ ಇದರ ಹೆಸರು ಮೇಮ್, ನೀರು ಎಂದರ್ಥ. ಬರೆಯುತ್ತಿದ್ದುದು ಅಲೆಯಂತೆ ಅಂಕುಡೊಂಕಾಗಿ. ಗ್ರೀಕರು ತೆಗೆದುಕೊಂಡು ಮ್ಯೂ ಮಾಡಿದರು, ಲೆಕ್ಕ ಬರೆಯುವಾಗ 40 ಎಂಬ ಅಂಕಿಗೂ ಅದನ್ನೇ ಹಚ್ಚಿದರು. ಇಂದಿನ ಗ್ರೀಕರು ಅದನ್ನು ‘ಮಿ’ ಎನ್ನುತ್ತಾರಂತೆ. ಮ್ಯೂ ಎನ್ನುವವರು ನಾವೇ, ಮತ್ತೆ ನಮ್ಮ ಹಿತ್ತಿಲ ಬೆಕ್ಕಿನ ಮರಿ.

ನಮ್ಮ ಮನೆಯಲ್ಲಿದ್ದುಕೊಂಡು ಪಿಯುಸಿ ಸೈನ್ಸ್ ಓದುತ್ತಿರುವ ತಂಗಿಯ ಮಗಳಿಗೆ ಮ್ಯೂ ಎಂದರೆ ತಲೆನೋವು. ನಾನು ಕಾಮರ್ಸಿನವನು, ನಮ್ಮಲ್ಲಿ ಡೆಬಿಟ್ ಯಾವ ಪುಟಕ್ಕೆ ಹೋದರೂ ಡೆಬಿಟ್ಟೇ. ಅವಳ ಪುಸ್ತಕದಲ್ಲಿ ಹಾಗಿಲ್ಲ. ಇಳಿಜಾರಿನ ಮೇಲೆ ಕಟ್ಟಿಗೆ ತುಂಡು ಜಾರುವ ಪಾಠದಲ್ಲಿ ಮ್ಯೂ ಎಂದರೆ ಘರ್ಷಣೆಯ ಗುಣಾಂಕ. ಅಯಸ್ಕಾಂತದ ಪಾಠಕ್ಕೆ ಬಂದರೆ ಕಾಂತಕ್ಷೇತ್ರಕ್ಕೆ ವಸ್ತು ಎಷ್ಟು ದಾರಿ ಬಿಡುತ್ತದೆ ಎಂಬ ಅಳತೆ. ಟ್ಯೂಷನ್ ಮೇಷ್ಟ್ರು ಬೆಳಕಿನ ಪಾಠದಲ್ಲಿ ಗಾಜಿನ ವಕ್ರೀಭವನಕ್ಕೂ ಮ್ಯೂ ಎಂದೇ ಬರೆಸುತ್ತಾರೆ. ಸೆಮಿಕಂಡಕ್ಟರಿನಲ್ಲಿ ಎಲೆಕ್ಟ್ರಾನು ಎಷ್ಟು ಚುರುಕಾಗಿ ಓಡುತ್ತದೆ ಎಂಬುದಕ್ಕೂ ಅದೇ. ಸಂಖ್ಯಾಶಾಸ್ತ್ರದಲ್ಲಿ ಸರಾಸರಿ. ಇಷ್ಟಾದ ಮೇಲೆ ಮೈಕ್ರೋ ಎಂಬ ಹುಟ್ಟುಗುಣ ಬೇರೆ. ‘ಮಾವ, ಒಂದೇ ಲೆಕ್ಕದಾಗೆ ಮೂರು ಮ್ಯೂ ಬಂದಾವೆ, ಮೂರೂ ಬ್ಯಾರೆ ಬ್ಯಾರೆ’ ಎಂದು ರಾತ್ರಿ ಹತ್ತು ಗಂಟೆಗೆ ನೋಟ್‌ಬುಕ್ಕನ್ನು ನನ್ನ ಮುಖಕ್ಕೆ ಹಿಡಿದಳು. ಇಪ್ಪತ್ತನಾಲ್ಕು ಅಕ್ಷರ ಇಟ್ಟುಕೊಂಡು ಇಡೀ ವಿಶ್ವವನ್ನು ವಿವರಿಸಲು ಹೊರಟವರಿಗೆ ಇಂಥ ಬಡತನ ಬರುವುದು ಸಹಜ. ನಮ್ಮ ನಲವತ್ತೊಂಬತ್ತು ಅಕ್ಷರಗಳಲ್ಲಿ ಸ್ವಲ್ಪ ಕಡ ಕೇಳಿದ್ದರೆ ಕೊಡುತ್ತಿರಲಿಲ್ಲವೇ?

ಆದರೆ ಗಮನಿಸಿದರೆ ಮ್ಯೂಗಳ ಬುಡದಲ್ಲಿ ಸಣ್ಣ ಸಣ್ಣ ಅಕ್ಷರಗಳಿದ್ದವು. ಒಂದಕ್ಕೆ ಎಸ್, ಅದು ನಿಂತ ವಸ್ತುವಿನ ಘರ್ಷಣೆ. ಒಂದಕ್ಕೆ ಕೆ, ಅದು ಜಾರುವ ವಸ್ತುವಿನದು. ಇನ್ನೊಂದಕ್ಕೆ ಸೊನ್ನೆ, ಅದು ನಿರ್ವಾತದ್ದು. ಇದು ನಮಗೆ ಹೊಸದೇನಲ್ಲ. ದಾವಣಗೆರೆ ಸೀಮೆಯ ಯಾವ ಹಾಜರಿ ಪುಸ್ತಕ ತೆಗೆದರೂ ಬಸವರಾಜರು ಒಂದು ಸಾಲು ಸಿಗುತ್ತಾರೆ: ಬಸವರಾಜ ಎಂ., ಬಸವರಾಜ ಕೆ., ಬಸವರಾಜ ಎಚ್. ಎಂ. ಮೇಷ್ಟ್ರು ‘ಬಸವರಾಜಾ’ ಎಂದು ಕೂಗಿದರೆ ಅರ್ಧ ಕ್ಲಾಸು ಎದ್ದು ನಿಲ್ಲುತ್ತದೆ; ಇನಿಷಿಯಲ್ ಸೇರಿಸಿ ಕೂಗಿದರೆ ಒಬ್ಬನೇ ಏಳುತ್ತಾನೆ. ಮನೆಯಲ್ಲಿ ಮಾತ್ರ ಯಾರಿಗೂ ಇನಿಷಿಯಲ್ ಬೇಡ. ಈ ವಿವರಣೆ ಕೊಟ್ಟ ಮೇಲೆ ಹುಡುಗಿ ಮೂರೂ ಬಸವರಾಜರನ್ನು ಅವರವರ ಬೆಂಚಿಗೆ ಕೂರಿಸಿ ಲೆಕ್ಕ ಮುಗಿಸಿದಳು. ಉತ್ತರ ತಪ್ಪಾಯಿತು, ಅದು ಬೇರೆ ಮಾತು.

ನಮ್ಮ ‘ಮ’ ಕೂಡ ಏನೂ ಕಡಿಮೆಯಿಲ್ಲ. ಸಂಗೀತದವರ ಬಳಿ ಅದು ಮಧ್ಯಮ, ಅದರಲ್ಲೂ ಶುದ್ಧ ಒಂದು, ಪ್ರತಿ ಇನ್ನೊಂದು. ಈ ಒಂದು ಮ ಬದಲಾದರೆ ಎಪ್ಪತ್ತೆರಡು ಮೇಳಗಳು ಸರಿಯಾಗಿ ಇಬ್ಭಾಗ. ಛಂದಸ್ಸಿನವರ ಬಳಿ ಮೂರು ಗುರು ಬಂದರೆ ಮಗಣ. ಕಟಪಯಾದಿ ಲೆಕ್ಕದವರ ಬಳಿ ಮ ಎಂದರೆ 5. ಗ್ರೀಕರಲ್ಲಿ ನಲವತ್ತಕ್ಕೆ ಬಾಳುವ ಅಕ್ಷರ ನಮ್ಮಲ್ಲಿ ಐದಕ್ಕೆ ಇಳಿದಿದೆ.

ಬೆಣ್ಣೆ ದೋಸೆಯ ಹಂಚಿನ ಮುಂದೆ ನಿಂತು ಮ್ಯೂ ಹುಡುಕುವ ಚಟ ನನಗೆ ಅಂಟಿದ್ದು ಮೂರು ಮ್ಯೂಗಳ ಆ ರಾತ್ರಿಯ ನಂತರವೇ. ಭಟ್ಟರು ಮಂಡಕ್ಕಿ ಬೆರೆಸಿ ರುಬ್ಬಿದ ಹಿಟ್ಟನ್ನು ಸೌಟಿನಲ್ಲಿ ಎತ್ತುತ್ತಾರೆ. ಅದು ಬೀಳುವ ನಿಧಾನಕ್ಕೆ ಎಂಜಿನಿಯರುಗಳು ಸ್ನಿಗ್ಧತೆ ಎನ್ನುತ್ತಾರೆ, ಅದರ ಗುರುತು ಮ್ಯೂ. ನೀರಿನದಾದರೆ ಈ ಮ್ಯೂ ಒಂದು ಮಾತಿಗೆ ನಿಲ್ಲುತ್ತದೆ. ದೋಸೆ ಹಿಟ್ಟಿನದು ನಿಲ್ಲುವುದಿಲ್ಲ. ಸುಮ್ಮನಿದ್ದಾಗ ಬಿಗುಮಾನದಲ್ಲಿರುವ ಹಿಟ್ಟು ಸೌಟಿನ ಬೆನ್ನು ತಾಗಿ ತಿರುಗಿದ ಕೂಡಲೇ ಸಡಿಲವಾಗಿ ಹರಡುತ್ತದೆ, ಸೌಟು ಎತ್ತಿದರೆ ಮತ್ತೆ ಗಟ್ಟಿ. ಹೀಗಾಗಿಯೇ ದೋಸೆ ಹಂಚಿನ ಅಂಚು ದಾಟಿ ಓಡಿಹೋಗದೆ ದುಂಡಗೆ ನಿಲ್ಲುತ್ತದೆ. ಆಮೇಲೆ ಬೆಣ್ಣೆ. ಬೆಣ್ಣೆ ಬಿದ್ದೊಡನೆ ದೋಸೆಗೂ ಹಂಚಿಗೂ ನಡುವಿನ ಘರ್ಷಣೆ ಇಳಿಯುತ್ತದೆ. ಆ ಮ್ಯೂ ಸೊನ್ನೆಯ ಹತ್ತಿರ ಹೋದಷ್ಟೂ ಗಿರಾಕಿಯ ಮುಖ ಅರಳುತ್ತದೆ. ಬೆಣ್ಣೆ ಕಡಿಮೆ ಹಾಕಿ ಅಂದ ಬೆಂಗಳೂರಿನ ನೆಂಟರೊಬ್ಬರಿಗೆ ಭಟ್ಟರು ಏನೂ ಹೇಳಲಿಲ್ಲ, ನೋಡಿದರು ಅಷ್ಟೇ. ನಾಚಿಕೆ ನಮಗಾಯಿತು.

ಹರಿಹರಕ್ಕೆ ಹೋದರೆ ಮ್ಯೂ ಅಡುಗೆ ಮನೆಯ ಪದಾರ್ಥವಲ್ಲ, ಹೊಟ್ಟೆಪಾಡು. ಅಲ್ಲಿಯವರಿಗೆ ಒಂದೇ ಆಕಾರದಲ್ಲಿ ಎರಡು ಅರ್ಥ ಕಾಣುವುದನ್ನು ಯಾರೂ ಕಲಿಸಬೇಕಿಲ್ಲ. ಹೊಯ್ಸಳರ ದಂಡನಾಯಕ ಪೊಲಾಳ್ವ 1224ರ ಹೊತ್ತಿಗೆ ಕಟ್ಟಿಸಿದ ಗುಡಿಯಲ್ಲಿ ಬಲಭಾಗ ಹರ, ಎಡಭಾಗ ಹರಿ. ನೀವು ಯಾರ ಪೈಕಿಯೋ ಅದರ ಮೇಲೆ ಕಣ್ಣು ಅತ್ತ ಇತ್ತ ಹೋಗುತ್ತದೆ, ಮಂಗಳಾರತಿ ತಟ್ಟೆ ಒಂದೇ. ಆ ಊರಿಗೆ 1941ರಲ್ಲಿ ಮೈಸೂರು ಕಿರ್ಲೋಸ್ಕರ್ ಕಂಪನಿ ಬಂತು, ಲೇತ್ ಮಾಡಲು. ಆಗ ತುಂಗಭದ್ರೆಯ ಈಚೆ ದಡ ಮೈಸೂರು ಸಂಸ್ಥಾನ, ಆಚೆ ದಡ ಮುಂಬೈ ಪ್ರಾಂತ್ಯ. ಲೇತ್ ಎಂದರೆ ಯಂತ್ರಗಳ ತಾಯಿ. ಬೇರೆ ಯಂತ್ರದ ಭಾಗಗಳು ಹುಟ್ಟುವುದೇ ಅದರ ಮೇಲೆ, ಹಾಗಾಗಿ ತಾಯಿಯ ಮೈ ಸರಿಯಿಲ್ಲದಿದ್ದರೆ ಮಕ್ಕಳೆಲ್ಲ ಸೊಟ್ಟ. ಅಲ್ಲಿ ತಯಾರಾದ ಲೇತುಗಳು ದೇಶದ ಐಟಿಐ, ವರ್ಕ್‌ಶಾಪುಗಳಲ್ಲೆಲ್ಲ ಕೂತವು. ಕಾರ್ಖಾನೆ ಇಂದು ಇಲ್ಲ. ಅದರ ನೆರಳಲ್ಲಿ ಕೆಲಸ ಕಲಿತವರು ಹಾಕಿಕೊಂಡ ಸಣ್ಣ ಸಣ್ಣ ಶೆಡ್ಡುಗಳಿವೆ.

ಅಂಥದೊಂದು ಶೆಡ್ಡು ನನ್ನ ಷಡ್ಡಕರದು. ಎಸ್ಸೆಸ್ಸೆಲ್ಸಿ ಆದ ಕೂಡಲೇ ಅಪ್ರೆಂಟಿಸ್ ಸೇರಿದವರು. ಗ್ರೀಕ್ ಇರಲಿ, ಇಂಗ್ಲಿಷೂ ಅವರಿಗೆ ಡ್ರಾಯಿಂಗ್ ಹಾಳೆಯ ಮಟ್ಟಿಗೆ ಸಾಕು. ಆದರೆ ಜಾಬ್ ಚಕ್ಕಿನಿಂದ ಬಿಚ್ಚಿದ ಕೂಡಲೇ ಅಳೆಯಲು ಅವರು ಯಾರನ್ನೂ ಬಿಡುವುದಿಲ್ಲ. ‘ಬಿಸಿ ಐತೆ, ಸುಳ್ಳು ಹೇಳ್ತತೆ’ ಎಂದು ಪಕ್ಕಕ್ಕಿಡುತ್ತಾರೆ. ಹತ್ತು ಸೆಂಟಿಮೀಟರ್ ಉಕ್ಕಿನ ತುಂಡು ಹತ್ತು ಡಿಗ್ರಿ ಬಿಸಿಯಾದರೆ ಹನ್ನೆರಡು ಮೈಕ್ರಾನಿನಷ್ಟು ಹಿಗ್ಗುತ್ತದೆ. ಟಾಲರೆನ್ಸ್ ಹತ್ತು ಮೈಕ್ರಾನ್ ಇದ್ದರೆ ಸರಿಯಿದ್ದ ಮಾಲೂ ತಪ್ಪೆನ್ನಿಸುತ್ತದೆ, ತಪ್ಪಿದ್ದದ್ದೂ ಪಾಸಾಗುತ್ತದೆ. ಆರಿದ ಮೇಲೆ ಬನಿಯನ್ ಬಟ್ಟೆಯಲ್ಲಿ ಎಣ್ಣೆ ಒರೆಸಿ, ಮೈಕ್ರೋಮೀಟರನ್ನು ಅದರ ಕಪ್ಪು ಪ್ಲಾಸ್ಟಿಕ್ ಪಟ್ಟಿ ಇರುವಲ್ಲೇ ಹಿಡಿಯುತ್ತಾರೆ, ಕೈಯ ಬಿಸಿ ಉಕ್ಕಿಗೆ ತಾಗಬಾರದು. ತುದಿಯ ರಾಚೆಟ್ಟನ್ನು ಎರಡೇ ಬೆರಳಲ್ಲಿ ತಿರುಗಿಸುತ್ತಾರೆ. ಟಿಕ್, ಟಿಕ್, ಟಿಕ್. ಮೂರನೆಯ ಟಿಕ್ಕಿಗೆ ಕೈ ನಿಲ್ಲುತ್ತದೆ. ಅದರ ಮೇಲಿನ ಒಂದು ಗೆರೆ ಎಂದರೆ ಹತ್ತು ಮೈಕ್ರಾನ್. ಗೆರೆಗೂ ಗೆರೆಗೂ ನಡುವೆ ಬಿದ್ದರೆ ಕಣ್ಣು ಕಿರಿದು ಮಾಡಿ ‘ನಾಕು’ ಎನ್ನುತ್ತಾರೆ. ನನಗೆ ಅಲ್ಲಿ ಎರಡು ಗೆರೆ, ನಡುವೆ ಖಾಲಿ, ಅಷ್ಟೇ ಕಾಣುವುದು.

ಸ್ವಾರಸ್ಯವೆಂದರೆ ಮೈಕ್ರಾನ್ ಎಂಬ ಅಳತೆಯೇ ಈಗ ಇಲ್ಲ. ತೂಕ ಅಳತೆಗಳ ಜಾಗತಿಕ ಮಹಾಸಭೆ 1967ರಲ್ಲಿ ಕೂತು ಆ ಹೆಸರನ್ನೂ ಒಂಟಿ ಮ್ಯೂ ಗುರುತನ್ನೂ ರದ್ದು ಮಾಡಿತು, ಇನ್ನು ಮೇಲೆ ಮೈಕ್ರೋಮೀಟರ್ ಎನ್ನಿ ಎಂದಿತು. ಷಡ್ಡಕರಿಗೆ ಹೇಳಿದೆ. ‘ಮೈಕ್ರೋಮೀಟರ್ ಅಂದ್ರೆ ಇದು’ ಎಂದು ಕೈಯಲ್ಲಿದ್ದ ಉಪಕರಣ ಎತ್ತಿ ತೋರಿಸಿದರು. ‘ಅಳೆಯೋದ್ಕೂ ಅಳತೇಗೂ ಒಂದೇ ಹೆಸರಿಟ್ರೆ ಹುಡುಗ್ರಿಗೆ ಕೆಲಸ ಹೆಂಗೆ ಹೇಳೋದು?’ ಸಭೆ ನಡೆದ ಪ್ಯಾರಿಸ್ಸಿನಲ್ಲಿ ಈ ತಕರಾರನ್ನು ಯಾರಾದರೂ ಎತ್ತಿದ್ದರೋ ಇಲ್ಲವೋ. 2021ರ ಡಿಸೆಂಬರಿನಲ್ಲಿ ಒಮಿಕ್ರಾನ್ ಸೋಂಕು ಭಾರತದಲ್ಲಿ ಮೊದಲು ಪತ್ತೆಯಾದದ್ದು ನಮ್ಮ ಕರ್ನಾಟಕದಲ್ಲೇ; ಟಿವಿಯವರು ‘ಓಮೈಕ್ರಾನ್’ ಎಂದು ಕಿರುಚುತ್ತಿದ್ದಾಗ ಷಡ್ಡಕರು ಕೇಳಿದ್ದರು, ‘ಇದೆಂಥ ಹೊಸಾ ಸೈಜು?’ ಅದಕ್ಕೂ ಮೂರು ತಿಂಗಳು ಮುಂಚೆ ಕೊಲಂಬಿಯಾ ಕಡೆಯ ಇನ್ನೊಂದು ತಳಿಗೆ ಮ್ಯೂ ಎಂದೇ ಹೆಸರಿಟ್ಟಿದ್ದರು. ಅದು ಇತ್ತ ಕಡೆ ಹೆಸರು ಮಾಡಲಿಲ್ಲ, ಪುಣ್ಯ.

ತಮಾಷೆ ನಿಲ್ಲಿಸಬೇಕಾದ ಜಾಗ ಒಂದಿದೆ, ಔಷಧಿ ಚೀಟಿ. ನನ್ನ ಹೆಂಡತಿ ಬೆಳಗ್ಗೆ ಎದ್ದು ಖಾಲಿ ಹೊಟ್ಟೆಯಲ್ಲಿ ನುಂಗುವ ಥೈರಾಯ್ಡ್ ಮಾತ್ರೆ ಐವತ್ತರದ್ದು. ಐವತ್ತು ಮೈಕ್ರೋಗ್ರಾಂ. ಅದನ್ನು ಮ್ಯೂ ಹಾಕಿ ಅವಸರದಲ್ಲಿ ಗೀಚಿದರೆ ಬಾಲ ಮಾಯವಾಗಿ ಮಿಲಿಗ್ರಾಮಿನ ಎಂ ಥರ ಕಂಡುಬಿಡಬಹುದು. ಆಗ ಪ್ರಮಾಣ ಒಂದೇ ಏಟಿಗೆ ಸಾವಿರ ಪಟ್ಟು. ಅದಕ್ಕೇ ಔಷಧ ಸುರಕ್ಷತೆಯವರು ಚೀಟಿಯಲ್ಲಿ ಮ್ಯೂ ಬೇಡವೇ ಬೇಡ, ಎಂಸಿಜಿ ಎಂದು ಬಿಡಿಸಿ ಬರೆಯಿರಿ ಎಂದು ಪಟ್ಟು ಹಿಡಿದಿದ್ದಾರೆ. ಅಂಗಡಿ, ಶೆಡ್ಡು, ಹಂಚು, ಹಾಜರಿ ಪುಸ್ತಕ, ಎಲ್ಲೆಲ್ಲೂ ಈ ಅಕ್ಷರಕ್ಕೆ ಪಕ್ಕದಲ್ಲಿರುವವರು ಯಾರೆಂಬುದರಿಂದಲೇ ಅರ್ಥ ಸಿಗುತ್ತದೆ. ಇಲ್ಲಿ ಪಕ್ಕದ ಮನೆಯಲ್ಲೇ ಅದರ ಹಾಗೆ ಕಾಣುವ ಇನ್ನೊಬ್ಬ ಇರುವುದರಿಂದ ಕಷ್ಟ. ದೇಹದೊಳಗೂ ಒಂದು ಮ್ಯೂ ಕೂತಿದೆ. ನರಕೋಶಗಳಲ್ಲಿ ಮಾರ್ಫಿನ್ ಹೋಗಿ ಅಂಟಿಕೊಳ್ಳುವ ಗ್ರಾಹಕಕ್ಕೆ ಮಾರ್ಫಿನ್ನಿನ ಮೊದಲಕ್ಷರದಿಂದಲೇ ಮ್ಯೂ ಎಂದು ಹೆಸರು. ನೋವು ಇಳಿಸುವುದೂ ಅದೇ, ಚಟ ಹತ್ತಿಸುವುದೂ ಅದೇ.

ಅತಿ ಸಣ್ಣ ಮ್ಯೂ ಆಕಾಶದಿಂದ ಬೀಳುತ್ತದೆ. 1936ರಲ್ಲಿ ಆಂಡರ್ಸನ್ ಮತ್ತು ನೆಡರ್‌ಮೇಯರ್ ವಿಶ್ವಕಿರಣಗಳಲ್ಲಿ ಒಂದು ಹೊಸ ಕಣ ಕಂಡರು. ಎಲೆಕ್ಟ್ರಾನಿನ ಗುಣ, ತೂಕ ಮಾತ್ರ ಇನ್ನೂರು ಚಿಲ್ಲರೆ ಪಟ್ಟು. ಮೊದಲು ಮೆಸೊಟ್ರಾನ್, ಆಮೇಲೆ ಮ್ಯೂ ಮೆಸಾನ್, ಅದು ಮೆಸಾನ್ ಕುಲದ್ದೇ ಅಲ್ಲವೆಂದು ತಿಳಿದ ಮೇಲೆ ಮ್ಯೂವಾನ್. ಬದುಕುವುದು ಸರಾಸರಿ 2.2 ಮೈಕ್ರೋಸೆಕೆಂಡ್, ಅಂದರೆ ಮ್ಯೂವಿನ ಆಯಸ್ಸನ್ನೂ ಮ್ಯೂವಿನಲ್ಲೇ ಬರೆಯಬೇಕು. ಅಷ್ಟರೊಳಗೆ ಬೆಳಕು ಕೂಡ ಏಳುನೂರು ಮೀಟರ್ ಹೋಗಲಾರದು. ಮ್ಯೂವಾನ್ ಮಾತ್ರ ಹದಿನೈದು ಕಿಲೋಮೀಟರ್ ಎತ್ತರದಿಂದ ನೆಲಕ್ಕೆ ಬಂದು ಮುಟ್ಟುತ್ತದೆ. ವೇಗವಾಗಿ ಓಡುವವರ ಗಡಿಯಾರ ನಿಧಾನ ಎಂದು ಐನ್‌ಸ್ಟೈನ್ ಹೇಳಿದ್ದಕ್ಕೆ ಇದು ದಿನವೂ ಸಾಕ್ಷಿ ಹೇಳುತ್ತಿದೆ. ಚದರ ಸೆಂಟಿಮೀಟರಿಗೆ ನಿಮಿಷಕ್ಕೊಂದರಂತೆ ಬೀಳುತ್ತವೆ. ನಿಮ್ಮ ಅಗಲವಾದ ದೋಸೆ ತಟ್ಟೆಯ ಮೂಲಕ ಈಗಲೂ ಸೆಕೆಂಡಿಗೆ ಹತ್ತು ಹಾಯುತ್ತಿವೆ, ರುಚಿಗೆ ಬಾಧಕವಿಲ್ಲ. ನೆಲದಾಳಕ್ಕೆ ಹೋದಂತೆ ಇವು ಎಷ್ಟು ಕಡಿಮೆಯಾಗುತ್ತವೆ ಎಂದು ಎಣಿಸಿದವರು ನಂಜನಗೂಡಿನಲ್ಲಿ ಹುಟ್ಟಿದ ಬಿ. ವಿ. ಶ್ರೀಕಂಠನ್, 1951ರಿಂದ ಕೋಲಾರದ ಚಿನ್ನದ ಗಣಿಗೆ ಇಳಿದು. ಮುಂದೆ 1965ರಲ್ಲಿ ಅದೇ ಗಣಿಯಲ್ಲಿ, ಎರಡು ಕಿಲೋಮೀಟರಿಗೂ ಹೆಚ್ಚು ಆಳದಲ್ಲಿ, ಮೇಲಿನಿಂದ ಬರಲು ಸಾಧ್ಯವೇ ಇಲ್ಲದ ಕೋನದಲ್ಲಿ ಮ್ಯೂವಾನ್ ಕಂಡಾಗ ಅದು ವಾತಾವರಣದ ನ್ಯೂಟ್ರಿನೋ ಕಳಿಸಿದ ಆಳು ಎಂದು ಗುರುತು ಹಿಡಿದರು. ಚಿನ್ನ ಮುಗಿಯಿತೆಂದು ಗಣಿ ಮುಚ್ಚಿದರು. ಮ್ಯೂ ಮುಗಿದಿಲ್ಲ.

ಗ್ರೀಕ್ ಅಕ್ಷರಕ್ಕೂ ಕನ್ನಡಕ್ಕೂ ಹಳೆಯ ಗುರುತು ಎನ್ನುವವರಿದ್ದಾರೆ. ಈಜಿಪ್ಟಿನ ಆಕ್ಸಿರಿಂಕಸ್ ಎಂಬಲ್ಲಿ ಸಿಕ್ಕ, ಎರಡನೆಯ ಶತಮಾನದ್ದೆನ್ನುವ ಪಪೈರಸ್ಸಿನಲ್ಲಿ ಒಂದು ಗ್ರೀಕ್ ಪ್ರಹಸನ ಇದೆ. ಹಿಂದೂ ಮಹಾಸಾಗರದ ತೀರದಲ್ಲಿ ಸಿಕ್ಕಿಬಿದ್ದ ಗ್ರೀಕ್ ಹುಡುಗಿಯನ್ನು ಅವಳ ಕಡೆಯವರು ರಾಜನಿಗೆ ಕುಡಿಸಿ ಬಿಡಿಸಿಕೊಂಡು ಹೋಗುವ ಕಥೆ. ಅದರಲ್ಲಿ ತೀರದವರು ಆಡುವ, ಗ್ರೀಕ್ ಲಿಪಿಯಲ್ಲಿ ಬರೆದ ಮಾತು ಕನ್ನಡ ಎಂದು 1904ರಲ್ಲಿ ವಿದ್ವಾಂಸ ಹುಲ್ಷ್ ಸೂಚಿಸಿದರು. ಆರ್. ಶಾಮಶಾಸ್ತ್ರಿ, ಮಂಜೇಶ್ವರದ ಗೋವಿಂದ ಪೈ ಅದನ್ನು ಚರ್ಚಿಸಿದರು. ಒಪ್ಪದವರೂ ಬಹಳ, ಸುಮ್ಮನೆ ನಗಿಸಲು ಬರೆದ ಗಿಜಿಬಿಜಿ ಎನ್ನುತ್ತಾರೆ. ನನ್ನ ಮತ ಕೇಳಿದರೆ ಕನ್ನಡವೇ ಇರಲಿ ಎನ್ನುತ್ತೇನೆ, ಆದರೆ ಅದು ಆಸೆ, ವಾದವಲ್ಲ.

ವಾದವೇ ಬೇಡದ ಪುರಾವೆ ನಮ್ಮ ಡಿಟಿಪಿ ಅಂಗಡಿಗಳಲ್ಲಿದೆ. ಯೂನಿಕೋಡ್ ಬಳಕೆಗೆ ಬರುವ ಮುಂಚಿನ ನುಡಿ ಫಾಂಟಿನಲ್ಲಿ ಕನ್ನಡ ಅಕ್ಷರಗಳಿಗೆ ಸ್ವಂತ ಮನೆ ಇರಲಿಲ್ಲ. ಇಂಗ್ಲಿಷ್ ಅಕ್ಷರ, ಚಿಹ್ನೆಗಳ ಮನೆಗಳಲ್ಲೇ ಬಾಡಿಗೆಗೆ ಕೂರಿಸಿದ್ದರು. ಮ್ಯೂ ಇದ್ದ ಮನೆಗೆ ಬಂದದ್ದು ಷ, ತಲೆಕಟ್ಟು ಕಳಚಿಟ್ಟು. ಹೀಗಾಗಿ ನುಡಿ ಇಲ್ಲದ ಕಂಪ್ಯೂಟರಿನಲ್ಲಿ ಸರ್ಕಾರಿ ಪತ್ರ ತೆರೆದರೆ ‘ವಿಷಯ’ ಎಂಬ ಮೊದಲ ಪದದ ನಟ್ಟನಡುವೆಯೇ ಬಾಲದ ಯೂ ನಿಂತಿರುತ್ತದೆ. ತಾಲ್ಲೂಕು ಕಚೇರಿಯ ಎಷ್ಟು ಸಾವಿರ ಪತ್ರಗಳು ಹೀಗೆ ಗ್ರೀಕಿನಲ್ಲಿ ವಿಷಯಕ್ಕೆ ಬಂದಿವೆಯೋ.

ಷಡ್ಡಕರು ಒಂದು ಕಂಪನಿಗೆ ಕೊಟೇಷನ್ ಟೈಪ್ ಮಾಡಿಸಿದರು, ಕನ್ನಡದಲ್ಲಿ. ಡಿಟಿಪಿ ಹುಡುಗ ಬಹಳ ಜಾಣ. ಎಲ್ಲಿಂದಲೋ ಮ್ಯೂ ಹುಡುಕಿ ತಂದು ಹತ್ತರ ಮುಂದೆ ಕೂರಿಸಿ, ಅಂದವಾಗಿರಲೆಂದು ಇಡೀ ಪುಟಕ್ಕೆ ನುಡಿ ಫಾಂಟ್ ಹಚ್ಚಿ ಪ್ರಿಂಟ್ ಕೊಟ್ಟ. ಎರಡು ದಿನಕ್ಕೆ ಕಂಪನಿಯ ಗುಮಾಸ್ತರ ಫೋನು ಬಂತು. ನಾನು ಶೆಡ್ಡಿನಲ್ಲೇ ಇದ್ದೆ.

‘ಯಜಮಾನ್ರೇ, ಟಾಲರೆನ್ಸ್ ಹತ್ತು ಷ ಅಂತ ಹಾಕೀರಿ. ಷ ಅಂದ್ರೆ ಏನ್ರೀ?’

‘ಷ ಅಲ್ರೀ ಅದು, ಮೈಕ್ರಾನ್.’

‘ಹಂಗಾದ್ರೆ ಮ್ಯಾಲೆ ವಿಷಯ ಅಂತ ಬರ್ದೀರಲ್ಲ, ಅದನ್ನ ವಿಮೈಕ್ರಾನ್ಯ ಅಂತ ಓದ್ಬೇಕೇನ್ರೀ?’

ಷಡ್ಡಕರು ಸ್ಪೀಕರ್ ಹಾಕಿದ್ದರಿಂದ ಶೆಡ್ಡಿನ ಹುಡುಗರೆಲ್ಲ ನಕ್ಕರು, ಆ ಕಡೆಯವರೂ ನಕ್ಕರು, ರೇಟು ಸ್ವಲ್ಪ ಇಳಿಸಿ ಎಂದರು, ಇಳಿಸಿದ್ದಾಯಿತು. ವಾರದೊಳಗೆ ಪರ್ಚೇಸ್ ಆರ್ಡರ್ ಬಂತು. ಅದರಲ್ಲೂ ಟಾಲರೆನ್ಸ್ ಹತ್ತು ಷ ಎಂದೇ ಇತ್ತು.